ಮನೆಯಲ್ಲಿ ಹುಲಿ, ಸ್ಟೇಜಿನಲ್ಲಿ ಇಲಿ: ಫೆರೆಟ್ ಟ್ರಿಕ್ ಕೈಕೊಟ್ಟಾಗ ದೋಷ ಹುಡುಕುವ ಕ್ರಮ

ಕನಕಪುರ ರಸ್ತೆಯ ಒಂದು ಅಪಾರ್ಟ್‌ಮೆಂಟಿನ ಕ್ಲಬ್ ಹೌಸ್. ಭಾನುವಾರ ಮಧ್ಯಾಹ್ನ 3 ಗಂಟೆ. ಮುಂದಿನ ಸಾಲಿನಲ್ಲಿ ಮಕ್ಕಳು, ಹಿಂದೆ ಅಜ್ಜಿಯರು, ಗೋಡೆಗೆ ಒರಗಿ ಮೊಬೈಲ್ ಎತ್ತಿ ಹಿಡಿದ ಅಪ್ಪಂದಿರು. ನಮ್ಮ ಚಕ್ಲಿ (ಮುಂಗುಸಿಯ ಹಾಗೆ ಕಾಣುವ, ಫೆರೆಟ್ ಅನ್ನುವ ಸಾಕುಪ್ರಾಣಿ) ಪೈಪಿನ ಒಂದು ಬಾಯಿಂದ ಒಳಗೆ ಹೋದ. ಇನ್ನೊಂದು ಬಾಯಿಂದ ಹೊರಗೆ ಬಂದು, ಬಳೆಯೊಳಗೆ ಹಾರಿ, ಪುಟ್ಟ ಗಂಟೆ ಬಾರಿಸಬೇಕಿತ್ತು. ಬರಲಿಲ್ಲ. ಒಂದು ನಿಮಿಷ ಕಾದೆ. ಎರಡು ನಿಮಿಷ. ಪೈಪಿನ ಬಾಯಿಗೆ ಕಣ್ಣಿಟ್ಟು ನೋಡಿದರೆ ಸಾಹೇಬರು ಸುರುಳಿ ಸುತ್ತಿಕೊಂಡು ಗಾಢ ನಿದ್ದೆಯಲ್ಲಿದ್ದರು.

ಮಕ್ಕಳಿಗೆ ಅದೇ ಖುಷಿ. ನನಗೆ ಮಾತ್ರ ಮುಖ ಎಲ್ಲಿಡಬೇಕು ಗೊತ್ತಾಗಲಿಲ್ಲ. ಯಾಕಂದ್ರೆ ಹಿಂದಿನ ರಾತ್ರಿ ಮನೆಯ ಹಾಲಿನಲ್ಲಿ ಇದೇ ಟ್ರಿಕ್ ಹತ್ತಕ್ಕೆ ಹತ್ತು ಸಲ ಮಾಡಿದ್ದ.

ನಾನು ಇಪ್ಪತ್ತು ವರ್ಷ ಮಿಕ್ಸಿ, ಯುಪಿಎಸ್, ಸ್ಟೆಬಿಲೈಸರ್ ರಿಪೇರಿ ಮಾಡಿದವನು. ನಮ್ಮ ಕಸುಬಿನಲ್ಲಿ ಒಂದು ಕ್ರಮ ಇದೆ. ಮೊದಲು ಸಪ್ಲೈ ನೋಡು. ಆಮೇಲೆ ಕನೆಕ್ಷನ್. ಕೊನೆಗೆ ಬೋರ್ಡ್ ಬಿಚ್ಚು. ಹೊಸ ಹುಡುಗರು ಉಲ್ಟಾ ಮಾಡುತ್ತಾರೆ, ಬಂದ ತಕ್ಷಣ ಬೋರ್ಡಿಗೆ ಕೈ ಹಾಕುತ್ತಾರೆ. ಒಂದು ಗಂಟೆ ಒದ್ದಾಡಿದ ಮೇಲೆ ನೋಡಿದರೆ ಪ್ಲಗ್ ಸಡಿಲ ಇರುತ್ತದೆ.

ಫೆರೆಟ್ ಸಾಕುವವರೂ ಇದೇ ತಪ್ಪು ಮಾಡುತ್ತಾರೆ. ಟ್ರಿಕ್ ಕೈಕೊಟ್ಟರೆ "ಇದಕ್ಕೆ ಹಟ ಜಾಸ್ತಿ" ಅಂತ ಟ್ರಿಕ್ಕನ್ನೇ ಮತ್ತೆ ಮತ್ತೆ ಮಾಡಿಸುತ್ತಾರೆ. ಹಟ ಅನ್ನುವುದು ನನ್ನ ಜಾಬ್ ಕಾರ್ಡಿನಲ್ಲಿ ಒಂದು ದೋಷದ ಹೆಸರೇ ಅಲ್ಲ. ಅಲ್ಲಿಗೆ ಹುಡುಕುವುದನ್ನು ನಿಲ್ಲಿಸಿದ್ದೇವೆ ಅಂತಷ್ಟೇ ಅರ್ಥ.

ಶುರು ಮಾಡುವ ಮುಂಚೆ ಒಂದು ಪರೀಕ್ಷೆ

ಕೈಕೊಟ್ಟ ಟ್ರಿಕ್ಕನ್ನು ಮನೆಯಲ್ಲೇ, ಮಾಮೂಲಿ ಜಾಗದಲ್ಲಿ, ಮಾಮೂಲಿ ಹೊತ್ತಿನಲ್ಲಿ ಹತ್ತು ಸಲ ಕೇಳಿ. ಒಂದೇ ಸಮ ಬೇಡ, ಎರಡು ಮೂರು ಕಂತಿನಲ್ಲಿ, ಕಂತಿಗೆ ಐದು ನಿಮಿಷ ಮೀರದ ಹಾಗೆ. ಎಂಟು ಅಥವಾ ಅದಕ್ಕಿಂತ ಜಾಸ್ತಿ ಸಲ ಮಾಡಿದರೆ ಟ್ರಿಕ್ ಸರಿ ಇದೆ, ದೋಷ ಹೊರಗಿದೆ. ಐದೋ ಆರೋ ಬಂದರೆ ಟ್ರಿಕ್ ಇನ್ನೂ ಬೆಂದಿಲ್ಲ, ಸ್ಟೇಜಿನ ಮಾತೇ ಬೇಡ. ನಿನ್ನೆವರೆಗೂ ಮಾಡುತ್ತಿದ್ದದ್ದು ಇವತ್ತು ಮನೆಯಲ್ಲೂ ನಿಂತುಹೋಗಿದ್ದರೆ, ಟ್ರಿಕ್ ಬಿಟ್ಟು ಮೈ ನೋಡಿ. ಈ ಮೂರನೆಯದು ಬಹಳ ಮುಖ್ಯ. ನಾನು ಅದರಲ್ಲಿ ಒಮ್ಮೆ ಎಡವಿದ್ದೇನೆ.

ಒಂದು ನೋಟ್‌ಬುಕ್ ಇಟ್ಟುಕೊಳ್ಳಿ. ದಿನ, ಹೊತ್ತು, ಕೊನೆಯ ಊಟ ಯಾವಾಗ, ಎಷ್ಟಕ್ಕೆ ಎಷ್ಟು ಸರಿ, ಏನು ಬದಲಾಯಿಸಿದೆ. ವಾರಕ್ಕೊಮ್ಮೆ ತೂಕವನ್ನೂ ಬರೆಯಿರಿ, ಅಡುಗೆಮನೆಯ ಡಿಜಿಟಲ್ ತಕ್ಕಡಿ ಸಾಕು. ಹೆಣ್ಣು ಸಾಮಾನ್ಯವಾಗಿ ಒಂದು ಕೆಜಿಯೊಳಗೆ, ಗಂಡು ಒಂದರಿಂದ ಎರಡು ಕೆಜಿ ತೂಗುತ್ತದೆ. ಇಷ್ಟು ಪುಟ್ಟ ಪ್ರಾಣಿಯಲ್ಲಿ ನೂರು ಗ್ರಾಂ ಇಳಿದರೂ ಅದು ದೊಡ್ಡ ಸುದ್ದಿ.

ಸಪ್ಲೈ: ಮೈ, ಬಿಸಿಲು, ನಿದ್ದೆ, ಹೊಟ್ಟೆ

ಚಕ್ಲಿಗಿಂತ ಮುಂಚೆ ನಮ್ಮಲ್ಲಿ ಕೋಡುಬಳೆ ಇದ್ದ. ಬಳೆ ಹಾರುವುದರಲ್ಲಿ ಅವನನ್ನು ಮೀರಿಸುವವರಿಲ್ಲ. ನಾಲ್ಕು ವರ್ಷ ತುಂಬಿದ ಮೇಲೆ ಒಂದು ತಿಂಗಳು ಬಳೆಯ ಮುಂದೆ ಬಂದು ಸುಮ್ನೆ ನಿಲ್ಲತೊಡಗಿದ. ಎಲ್ಲೋ ನೋಡುತ್ತಾ ಐದಾರು ಸೆಕೆಂಡ್ ನಿಂತುಬಿಡುತ್ತಿದ್ದ. ನಾನು ಬಳೆಯನ್ನು ಕೆಳಗಿಳಿಸಿದೆ. ಟ್ರೀಟ್ ಜಾಸ್ತಿ ಮಾಡಿದೆ. ಟ್ರೀಟ್ ತಿಂದ ಮೇಲೆ ಚೆನ್ನಾಗಿ ಹಾರುತ್ತಿದ್ದ. "ನೋಡು, ಲಂಚ ಕೊಟ್ಟರೆ ಮಾತ್ರ ಕೆಲಸ" ಅಂತ ನಕ್ಕೆವು.

ಸುಳಿವು ಅಲ್ಲೇ ಇತ್ತು. ಹೊಟ್ಟೆ ಖಾಲಿ ಇದ್ದಾಗ ನಿಲ್ಲುವುದು, ತಿಂದ ಮೇಲೆ ಸರಿಹೋಗುವುದು. ಒಂದು ದಿನ ಹಿಂಗಾಲು ಎಳೆಯತೊಡಗಿದ, ಬಾಯಲ್ಲಿ ಜೊಲ್ಲು, ಮುಂಗಾಲಿಂದ ಬಾಯಿ ಕೆರೆದುಕೊಳ್ಳುವುದು. ಡಾಕ್ಟರ ಹತ್ತಿರ ಓಡಿದೆವು. ರಕ್ತದಲ್ಲಿ ಸಕ್ಕರೆ ಪಾತಾಳಕ್ಕೆ ಇಳಿದಿತ್ತು. ಇನ್ಸುಲಿನೋಮಾ. ಮೇದೋಜೀರಕ ಗ್ರಂಥಿಯಲ್ಲಿ ಗಡ್ಡೆ ಬೆಳೆದು ಬೇಕಾದ್ದಕ್ಕಿಂತ ಜಾಸ್ತಿ ಇನ್ಸುಲಿನ್ ಸುರಿಸುವ ಕಾಯಿಲೆ. ಮೂರು ವರ್ಷ ದಾಟಿದ ಫೆರೆಟ್‌ಗಳಲ್ಲಿ ಇದು ತುಂಬಾ ಮಾಮೂಲು. ಸಕ್ಕರೆ ಪ್ರತಿ ಡೆಸಿಲೀಟರಿಗೆ 70 ಮಿಲಿಗ್ರಾಂಗಿಂತ ಕೆಳಗಿದ್ದರೆ ಡಾಕ್ಟರುಗಳು ಇದನ್ನೇ ಅನುಮಾನಿಸುತ್ತಾರೆ. ಕೋಡುಬಳೆಗೆ ಸ್ಟಿರಾಯ್ಡ್ ಔಷಧಿ ಶುರುವಾಯಿತು, ದಿನಕ್ಕೆ ಹಲವು ಸಲ ಸ್ವಲ್ಪ ಸ್ವಲ್ಪ ಊಟ. ಸ್ಟೇಜಿನಿಂದ ನಿವೃತ್ತಿ.

ಆ ಒಂದು ತಿಂಗಳು ನಾನು ಬೋರ್ಡ್ ರಿಪೇರಿ ಮಾಡುತ್ತಾ ಕೂತಿದ್ದೆ. ಪ್ಲಗ್ಗೇ ಸುಟ್ಟಿತ್ತು.

ಆದ್ದರಿಂದ ಹೀಗೆ ಮಾಡಿ. ಎಲ್ಲೋ ನೋಡುತ್ತಾ ನಿಲ್ಲುವುದು, ಹಿಂಗಾಲು ತೂರಾಡುವುದು, ಜೊಲ್ಲು, ಬಾಯಿ ಕೆರೆಯುವುದು, ಇವುಗಳಲ್ಲಿ ಒಂದು ಕಂಡರೂ ತರಬೇತಿ ಅಲ್ಲಿಗೇ ನಿಲ್ಲಿಸಿ. ಕುಸಿದು ಬಿದ್ದರೆ ಒಸಡಿಗೆ ಒಂಚೂರು ಜೇನುತುಪ್ಪ ಸವರಿ. ಪ್ರಜ್ಞೆ ಇಲ್ಲದಾಗ ಬಾಯಿಗೆ ಏನನ್ನೂ ಸುರಿಯಬೇಡಿ. ಎಚ್ಚರವಾದ ಮೇಲೆ ಮಾಂಸದ ಊಟ ಕೊಟ್ಟು ನೇರ ಡಾಕ್ಟರ ಹತ್ತಿರ ಹೋಗಿ. ಜೇನು ಆ ಹೊತ್ತಿನ ಫ್ಯೂಸ್ ಮಾತ್ರ, ದಿನಾ ಕೊಡುವ ಟ್ರೀಟ್ ಅಲ್ಲ. ಸಿಹಿ ಕೊಟ್ಟಷ್ಟೂ ಇನ್ಸುಲಿನ್ ಇನ್ನೂ ಏರುತ್ತದೆ. ಇನ್ನೊಂದು ಮಾತು: ನಾಯಿ ಬೆಕ್ಕು ನೋಡುವ ಡಾಕ್ಟರೆಲ್ಲ ಫೆರೆಟ್ ನೋಡಿರುವುದಿಲ್ಲ. ಆರೋಗ್ಯವಾಗಿರುವಾಗಲೇ ಫೋನ್ ಮಾಡಿ, ಯಾರು ನೋಡುತ್ತಾರೆ ಅಂತ ವಿಚಾರಿಸಿ ನಂಬರ್ ಬರೆದಿಡಿ.

ಹೆಣ್ಣು ಫೆರೆಟ್ ಇದ್ದು, ಸಂತಾನಹರಣ ಆಗಿಲ್ಲದಿದ್ದರೆ ಬೇರೆ ಅಪಾಯ ಇದೆ. ಬೆದೆಗೆ ಬಂದ ಹೆಣ್ಣು ಗಂಡಿನ ಜೊತೆ ಸೇರದಿದ್ದರೆ ಬೆದೆ ತಾನಾಗಿ ಇಳಿಯುವುದಿಲ್ಲ. ಈಸ್ಟ್ರೋಜೆನ್ ಹಾರ್ಮೋನು ಏರಿಯೇ ಇದ್ದು ಮೂಳೆ ಮಜ್ಜೆ ಕೆಡುತ್ತದೆ, ರಕ್ತ ಕಡಿಮೆಯಾಗುತ್ತದೆ, ಜೀವಕ್ಕೇ ಬರುತ್ತದೆ. ಹಿಂಭಾಗ ಊದಿಕೊಂಡಿದೆ, ಒಸಡು ಬಿಳಿಚಿದೆ, ಟ್ರಿಕ್‌ನಲ್ಲಿ ಸುಸ್ತು ಕಾಣುತ್ತಿದೆ ಅಂದರೆ ಕಾಯುವ ಹಾಗಿಲ್ಲ. ಬಾಲದ ಬುಡದಿಂದ ಕೂದಲು ಉದುರುತ್ತಾ ಬಂದರೆ ಮೂತ್ರಪಿಂಡದ ಹತ್ತಿರದ ಅಡ್ರಿನಲ್ ಗ್ರಂಥಿಯನ್ನು ಡಾಕ್ಟರಿಗೆ ತೋರಿಸಿ. ಅದು ಇವತ್ತಿನ ಶೋ ಕೆಡಿಸುವುದಿಲ್ಲ, ಆದರೆ ಬಿಡುವಂಥದ್ದೂ ಅಲ್ಲ.

ಇನ್ನು ಬಿಸಿಲು. ಬೆಂಗಳೂರು ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಮೇಲಿದೆ, ಇಲ್ಲಿ ತಂಪು ಅಂತ ನಾವು ಇನ್ನೂ ಹಳೇ ಮಾತು ಹೇಳಿಕೊಂಡು ತಿರುಗುತ್ತೇವೆ. 2016ರ ಏಪ್ರಿಲಿನಲ್ಲಿ ಇದೇ ಊರು 39.2 ಡಿಗ್ರಿ ಕಂಡಿದೆ. ಫೆರೆಟ್‌ಗೆ 30 ಡಿಗ್ರಿಯೇ ಗಡಿ. ಬೆವರಿ ಮೈ ತಣ್ಣಗೆ ಮಾಡಿಕೊಳ್ಳುವ ಶಕ್ತಿ ಅದಕ್ಕೆ ಇಲ್ಲವೇ ಇಲ್ಲ ಅನ್ನಬಹುದು. ಹೊಟ್ಟೆ ನೆಲಕ್ಕೆ ಅಂಟಿಸಿ ಚಪ್ಪಟೆ ಮಲಗುವುದು, ಬಾಯಿ ತೆರೆದು ಏದುಸಿರು, ಅಂಗಾಲು ಕೆಂಪಾಗುವುದು ಇದರ ಗುರುತು. ಹೀಗಾದರೆ ಪಾದ, ಹೊಟ್ಟೆಗೆ ಮಾಮೂಲಿ ನೀರು ಸವರಿ. ಐಸ್ ನೀರಿನಲ್ಲಿ ಮುಳುಗಿಸಬೇಡಿ. ಆಮೇಲೆ ಡಾಕ್ಟರು.

ಬಿಸಿಲು ತಗಲುವುದು ಸ್ಟೇಜಿನಲ್ಲೇ ಆಗಬೇಕಿಲ್ಲ, ದಾರಿಯಲ್ಲೂ ಆಗುತ್ತದೆ. ಏಪ್ರಿಲ್ ಮಧ್ಯಾಹ್ನ ಸಿಲ್ಕ್ ಬೋರ್ಡ್ ಸಿಗ್ನಲ್ಲಿನಲ್ಲಿ ಆಟೋದೊಳಗೆ ಮುಕ್ಕಾಲು ಗಂಟೆ ಸಿಕ್ಕಿಹಾಕಿಕೊಂಡ ಪ್ರಾಣಿ ಆಮೇಲೆ ಕುಣಿಯಬೇಕು ಅಂದರೆ ಹೇಗೆ? ನಾವೇ ಆ ಹೊತ್ತಿಗೆ ಯಾರ ಮಾತೂ ಕೇಳುವ ಸ್ಥಿತಿಯಲ್ಲಿರುವುದಿಲ್ಲ. ಫ್ರೀಜರಿನಲ್ಲಿ ಗಟ್ಟಿಯಾದ ನೀರಿನ ಬಾಟಲಿಯನ್ನು ಟವೆಲಿನಲ್ಲಿ ಸುತ್ತಿ ಕ್ಯಾರಿಯರಿನ ಒಂದು ಮೂಲೆಯಲ್ಲಿಡಿ. ಇನ್ನೊಂದು ಮೂಲೆ ಖಾಲಿ ಇರಲಿ, ಚಳಿಯಾದರೆ ಅತ್ತ ಹೋಗುತ್ತದೆ. ಮಾರ್ಚ್‌ನಿಂದ ಮೇ ಕೊನೆಯವರೆಗೆ ನಾನು ಸಂಜೆ ಆರರ ಮೇಲಿನ ಕಾರ್ಯಕ್ರಮ ಮಾತ್ರ ಒಪ್ಪುತ್ತೇನೆ.

ಸಂಜೆಯೇ ಯಾಕೆ ಅನ್ನುವುದಕ್ಕೆ ಇನ್ನೊಂದು ಕಾರಣ ನಿದ್ದೆ. ಫೆರೆಟ್ ದಿನಕ್ಕೆ 14ರಿಂದ 18 ಗಂಟೆ ಮಲಗುತ್ತದೆ. ಎದ್ದು ಓಡಾಡುವುದು ಹೆಚ್ಚಾಗಿ ಮುಂಜಾನೆ, ಮುಸ್ಸಂಜೆ. ಆ ನಿದ್ದೆಯಾದರೂ ಎಂಥದ್ದು! ಎತ್ತಿದರೆ ಹಸಿ ಬಟ್ಟೆಯ ಹಾಗೆ ನೇತಾಡುತ್ತದೆ. ಮೊದಲ ಸಲ ನೋಡಿದಾಗ ಸತ್ತೇ ಹೋಯಿತು ಅಂತ ನನ್ನ ಹೆಂಡತಿ ಅತ್ತಿದ್ದಳು. ಎದ್ದ ತಕ್ಷಣ ಮೈ ನಡುಗುತ್ತದೆ, ಅದಕ್ಕೆ ಗಾಬರಿ ಬೇಡ. ಎದ್ದು, ಆಕಳಿಸಿ, ಶೌಚ ಮುಗಿಸಿ, ಒಂದು ಸುತ್ತು ಕುಣಿದ ಮೇಲಷ್ಟೇ ಅದರ ತಲೆ ಓಡಲು ಶುರು. ಕ್ಯಾರಿಯರಿನಿಂದ ಎತ್ತಿ ನೇರ ಸ್ಟೇಜಿಗೆ ಬಿಡುವವರಿಗೆ ಸಿಗುವುದು ಆಕಳಿಕೆ ಮಾತ್ರ. ಅರ್ಧ ಗಂಟೆ ಮುಂಚೆ ಎಬ್ಬಿಸಿ.

ಹೊಟ್ಟೆಯ ಬಗ್ಗೆ ಚುಟುಕಾಗಿ. ತಿಂದದ್ದು ಮೂರು ನಾಲ್ಕು ಗಂಟೆಯಲ್ಲಿ ಹೊರಗೆ ಬರುವಷ್ಟು ಗಿಡ್ಡ ಕರುಳು ಅದರದ್ದು. "ಬೆಳಿಗ್ಗೆಯಿಂದ ಉಪವಾಸ ಹಾಕಿದರೆ ಚೆನ್ನಾಗಿ ಮಾಡುತ್ತೆ" ಅನ್ನುವುದು ಶುದ್ಧ ತಪ್ಪು, ಅಪಾಯವೂ ಹೌದು. ಒಂದೆರಡು ಗಂಟೆ ಬಟ್ಟಲು ಎತ್ತಿಟ್ಟರೆ ಸಾಕಷ್ಟು ಹಸಿವು ಬರುತ್ತದೆ. ಇದೇ ಗಿಡ್ಡ ಕರುಳಿನಿಂದಾಗಿ ಸ್ಟೇಜಿನ ಮೂಲೆಗೆ ಹಿಂದಕ್ಕೆ ಹಿಂದಕ್ಕೆ ಸರಿದು ಬಾಲ ಎತ್ತುವ ದೃಶ್ಯವನ್ನೂ ನೀವು ನೋಡುತ್ತೀರಿ. ಅದು ದೋಷವಲ್ಲ. ಟಿಶ್ಯೂ ಜೇಬಿನಲ್ಲಿರಲಿ.

ಕನೆಕ್ಷನ್: ನಿಮ್ಮ ಕೈಯಿಂದ ಅದರ ತಲೆಗೆ

ಮೈ ಸರಿ ಇದೆ, ತಂಪಿದೆ, ನಿದ್ದೆ ಆಗಿದೆ. ಆದರೂ ಮಾಡುತ್ತಿಲ್ಲ. ಈಗ ಟ್ರೀಟ್ ನೋಡಿ.

ನಮ್ಮ ಕಡೆ ಸಾಮಾನ್ಯ ದೋಷ ಎಂದರೆ ಫೆರೆಟ್‌ಗೆ ಸಸ್ಯಾಹಾರ ಕಲಿಸುವ ಪ್ರಯತ್ನ. ಮಾರಿ ಬಿಸ್ಕೆಟ್, ಬಾಳೆಹಣ್ಣು, ಒಣದ್ರಾಕ್ಷಿ, ಮೊಸರನ್ನ ಕೂಡ. ಖುಷಿಯಾಗಿ ತಿನ್ನುತ್ತದೆ, ಅದೇ ಮೋಸ. ಅಪ್ಪಟ ಮಾಂಸಾಹಾರಿ ಪ್ರಾಣಿ ಅದು. ಸಕ್ಕರೆ, ಹಿಟ್ಟು, ನಾರು ಅದರ ಹೊಟ್ಟೆಗೆ ಆಗುವುದಿಲ್ಲ. ಎರಡು ದಿನ ಭೇದಿ, ಆಮೇಲೆ ಮಂಕು. ಬೇಯಿಸಿದ ಕೋಳಿಯ ತುಣುಕೇ ಒಳ್ಳೆಯ ಟ್ರೀಟ್, ಉಪ್ಪು ಮಸಾಲೆ ಇಲ್ಲದೆ, ಅರ್ಧ ಕಡಲೆಕಾಳಿನಷ್ಟು. ದೊಡ್ಡ ತುಂಡು ಕೊಟ್ಟರೆ ಸೋಫಾದ ಕೆಳಗೆ ಬಚ್ಚಿಡಲು ಓಡುತ್ತದೆ, ಶೋ ಅಲ್ಲಿಗೆ ಮುಗಿಯಿತು. ನಮ್ಮ ಅಡುಗೆಮನೆಗೆ ಮಾಂಸ ಬರುವ ಹಾಗಿಲ್ಲ. ಅದಕ್ಕೆ ಬಾಲ್ಕನಿಯಲ್ಲಿ ಒಂದು ಹಳೇ ಪುಟ್ಟ ಫ್ರಿಜ್ ಇದೆ, ನಾನೇ ರಿಪೇರಿ ಮಾಡಿದ್ದು. ಮನೆಯ ಶಾಂತಿಗೆ ಅದರ ಕೊಡುಗೆ ದೊಡ್ಡದು.

ಎಳವೆಯಲ್ಲಿ ತಿಂದು ಅಭ್ಯಾಸವಿಲ್ಲದ್ದನ್ನು ಬೆಳೆದ ಫೆರೆಟ್ ಆಹಾರ ಅಂತಲೇ ಗುರುತಿಸದೆ ಹೋಗಬಹುದು. ಹೊಸ ಟ್ರೀಟನ್ನು ಶೋ ದಿನ ಹೊರಗೆ ತೆಗೆಯಬೇಡಿ.

ಆಮೇಲೆ ಕ್ಲಿಕ್ಕರ್. ಗೊತ್ತಿಲ್ಲದವರಿಗೆ: ಅದೊಂದು ಟಿಕ್ ಅನ್ನುವ ಡಬ್ಬಿ. ಟಿಕ್ ಅಂದರೆ "ಈಗ ಮಾಡಿದ್ದು ಸರಿ, ಟ್ರೀಟ್ ಬರುತ್ತಿದೆ" ಅಂತ ಅರ್ಥ. ಇದರಲ್ಲಿ ಬರುವ ದೋಷ ಶೇಕಡ ತೊಂಬತ್ತು ನಮ್ಮ ಹೆಬ್ಬೆರಳಿನದು ಎಂದು ನನ್ನ ಅಂದಾಜು. ಚಕ್ಲಿ ಒಂದು ಕಾಲದಲ್ಲಿ ಬಳೆ ಹಾರಿ, ಗಂಟೆ ಕಡೆ ಹೋಗದೆ, ತಿರುಗಿ ನನ್ನ ಮುಖ ನೋಡುತ್ತಾ ನಿಲ್ಲುತ್ತಿದ್ದ. ಎರಡು ವಾರ ತಲೆ ಕೆಡಿಸಿಕೊಂಡೆ. ಕೊನೆಗೆ ಮಗಳು ಫೋನಿನಲ್ಲಿ ಸ್ಲೋ ಮೋಷನ್ ವಿಡಿಯೊ ತೆಗೆದಳು. ಅದರಲ್ಲಿ ಕಂಡಿತು: ಅವನ ಕಾಲು ನೆಲ ಮುಟ್ಟಿ, ಕತ್ತು ತಿರುಗಿದ ಮೇಲೆ ನನ್ನ ಟಿಕ್ ಬರುತ್ತಿತ್ತು. ಅರ್ಧ ಸೆಕೆಂಡ್ ಅಷ್ಟೆ. ನಾನು ಹಾರುವುದಕ್ಕೆ ಕೂಲಿ ಕೊಡುತ್ತಿದ್ದೇನೆ ಅಂದುಕೊಂಡಿದ್ದೆ, ಅವನು ತಿರುಗಿ ನೋಡುವುದಕ್ಕೆ ಕೂಲಿ ಪಡೆಯುತ್ತಿದ್ದ. ಪಾಪ, ಕಲಿಸಿದ್ದನ್ನು ಸರಿಯಾಗಿಯೇ ಕಲಿತಿದ್ದ.

ಮನೆಯಲ್ಲಿ ಹೀಗೆ ಅಭ್ಯಾಸ ಮಾಡಿ. ಯಾರಾದರೂ ಚೆಂಡು ಬೀಳಿಸಲಿ, ಅದು ನೆಲ ಮುಟ್ಟುವ ಕ್ಷಣಕ್ಕೆ ಟಿಕ್ ಮಾಡಿ. ಫೆರೆಟ್ ಇಲ್ಲದೆಯೇ. ನೂರು ಸಲ ಮಾಡಿದರೆ ಬೆರಳು ದಾರಿಗೆ ಬರುತ್ತದೆ.

ಸ್ಟೇಜಿನಲ್ಲಿ ಕ್ಲಿಕ್ಕರಿಗೆ ಇನ್ನೊಂದು ಶತ್ರು ಇದೆ. ಜಯನಗರದ ಒಂದು ಹುಟ್ಟುಹಬ್ಬದಲ್ಲಿ ಚಕ್ಲಿ ಒಂದೇ ಸಮ ಪ್ರೇಕ್ಷಕರ ಕಡೆ ಓಡುತ್ತಿದ್ದ, ಅದೂ ಒಬ್ಬರೇ ಅಂಕಲ್ ಹತ್ತಿರ. ಅವರ ಕೈಯಲ್ಲಿ ಬಾಲ್ ಪೆನ್. ಟಿಕ್ ಟಿಕ್, ಟಿಕ್ ಟಿಕ್. ಅವನ ಲೆಕ್ಕದಲ್ಲಿ ಅಂಕಲ್ ಅವನಿಗೆ ಆಗಲೇ ಹನ್ನೆರಡು ಟ್ರೀಟ್ ಬಾಕಿ. ಈಗ ಸ್ಟೇಜಿನಲ್ಲಿ ಕ್ಲಿಕ್ಕರ್ ಬಳಸುವುದಿಲ್ಲ. ನಾಲಿಗೆಯಿಂದ "ಟ್ಚ್" ಅನ್ನುತ್ತೇನೆ. ಪೆನ್ನಿಗೆ ಅದು ಬರುವುದಿಲ್ಲ.

ನಿಮ್ಮ ಫೆರೆಟ್ ಯಾವ ಸದ್ದಿಗೂ ಓಗೊಡುತ್ತಿಲ್ಲವೇ? ಕಿವಿ ನೋಡಿ. ನಮ್ಮ ಇನ್ನೊಂದು ಫೆರೆಟ್ ಬೆಣ್ಣೆಯ ಹಣೆಯಿಂದ ಕತ್ತಿನವರೆಗೆ ಬಿಳಿ ಪಟ್ಟಿ ಇದೆ. ಇಂಥ ಪಟ್ಟಿ ಇರುವವು, ತಲೆ ಪೂರ್ತಿ ಬಿಳಿ ಇರುವವು, ಹುಟ್ಟಿನಿಂದಲೇ ಕಿವುಡಾಗಿರುವುದು ಜಾಸ್ತಿ. ಆ ಬಣ್ಣ ತರುವ ವಂಶವಾಹಿಯೇ ಒಳಕಿವಿಯನ್ನೂ ಕೆಡಿಸುತ್ತದೆ. ಪರೀಕ್ಷೆ ಸುಲಭ. ಎಚ್ಚರವಿರುವಾಗ, ಅದಕ್ಕೆ ಕಾಣದ ಹಾಗೆ ಬೆನ್ನ ಹಿಂದೆ ಕೀಚು ಗೊಂಬೆ ಒತ್ತಿ. ನೆಲ ಅದುರಬಾರದು, ಗಾಳಿ ತಾಗಬಾರದು. ನಾಲ್ಕೈದು ಸಲವೂ ಕಿವಿ ಅಲ್ಲಾಡದಿದ್ದರೆ ಕಿವುಡು. ಅದರಿಂದ ಟ್ರಿಕ್ಕಿಗೆ ನಷ್ಟವಿಲ್ಲ. ಟಿಕ್ ಬದಲು ಟಾರ್ಚನ್ನು ಒಮ್ಮೆ ನೆಲದ ಮೇಲೆ ಮಿನುಗಿಸಿ, ಕಣ್ಣಿಗೆ ಹಿಡಿಯಬೇಡಿ. ಬೆಣ್ಣೆ ಚಪ್ಪಾಳೆಗೂ ಹೆದರುವುದಿಲ್ಲ, ಮೈಕ್ ಕೀರಲಿಗೂ ಹೆದರುವುದಿಲ್ಲ. ನಿಜ ಹೇಳಬೇಕೆಂದರೆ ನಮ್ಮಲ್ಲಿ ಸ್ಟೇಜಿಗೆ ಹೇಳಿ ಮಾಡಿಸಿದವಳು ಅವಳೇ.

ನೆಲ ನಿಜವಾಗಿಯೂ ಡೊಂಕು

ಕುಣಿಯಲು ಬಾರದವಳು ನೆಲ ಡೊಂಕು ಅಂದಳಂತೆ. ಫೆರೆಟ್ ವಿಷಯದಲ್ಲಿ ಅವಳ ಮಾತನ್ನು ಸ್ವಲ್ಪ ಕೇಳಬೇಕು.

ಕ್ಲಬ್ ಹೌಸುಗಳ ನೆಲವೆಲ್ಲ ಈಗ ಹೊಳೆಯುವ ಟೈಲ್ಸ್. ಹಾರುವ ಮುಂಚೆ ಹಿಂಗಾಲು ಜಾರುತ್ತದೆ, ಒಂದು ಸಲ ಜಾರಿದರೆ ಎರಡನೇ ಸಲ ಹಾರುವುದಿಲ್ಲ. ಅದರ ಮೇಲೆ ಶೋಗೆ ಅಂತ ಬೆಳಿಗ್ಗೆ ಯಾರೋ ಧಾರಾಳವಾಗಿ ಫಿನಾಯಿಲ್ ಹಾಕಿ ಒರೆಸಿರುತ್ತಾರೆ. ನಮಗೆ ಅದು ಶುಚಿ. ಜಗತ್ತನ್ನು ಮೂಗಿನಿಂದ ಓದುವ ಪ್ರಾಣಿಗೆ ಅದು ಕಣ್ಣಿಗೆ ಖಾರದ ಪುಡಿ ಎರಚಿದ ಹಾಗೆ. ಮನೆಯಲ್ಲಿ ಅಭ್ಯಾಸ ಮಾಡುವ ಫೋಮ್ ಮ್ಯಾಟನ್ನೇ ಸುತ್ತಿ ತೆಗೆದುಕೊಂಡು ಹೋಗಿ. ಜಾರುವುದಿಲ್ಲ, ಮನೆಯ ವಾಸನೆಯೂ ಇರುತ್ತದೆ. ನನ್ನ ನೋಟ್‌ಬುಕ್ಕಿನ ಪ್ರಕಾರ ಒಂದೇ ಬದಲಾವಣೆಯಿಂದ ಅತಿ ಜಾಸ್ತಿ ಲಾಭ ಬಂದದ್ದು ಈ ಮ್ಯಾಟಿನಿಂದ.

ಕಣ್ಣಿನ ವಿಷಯವೂ ಇದೆ. ಫೆರೆಟ್‌ಗೆ ದೂರದ್ದು ಸರಿಯಾಗಿ ಕಾಣುವುದಿಲ್ಲ. ಹತ್ತಿರದ ಅಲುಗಾಟ ಚೆನ್ನಾಗಿ ಕಾಣುತ್ತದೆ. ಬಳೆ ಆರು ಅಡಿ ದೂರದಲ್ಲಿದ್ದರೆ ಅದಕ್ಕೆ ಬಳೆ ಇರುವುದೇ ಗೊತ್ತಾಗದೆ ಹೋಗಬಹುದು, ಅದರಲ್ಲೂ ಫೋಕಸ್ ಲೈಟ್ ಹಾಕಿದ್ದರೆ. ಇನ್ನೊಂದು ಗಮನಿಸಿ: ಹೊಸ ಜಾಗದಲ್ಲಿ ಅದು ಗೋಡೆ ಹಿಡಿದು ಓಡುತ್ತದೆ, ಬಯಲಿನ ನಡುವೆ ಬರುವುದಿಲ್ಲ. ನಾವು ಪ್ರಾಪ್‌ಗಳನ್ನೆಲ್ಲ ಸ್ಟೇಜಿನ ನಟ್ಟನಡುವೆ ಇಡುತ್ತೇವೆ! ಹಿಂದೆ ಒಂದು ಅಡಿ ಎತ್ತರದ ರಟ್ಟಿನ ಗೋಡೆ ನಿಲ್ಲಿಸಿ, ಅದರ ಬುಡದುದ್ದಕ್ಕೂ ಪೈಪ್, ಬಳೆ, ಗಂಟೆ ಸಾಲಾಗಿ ಇಡಿ. ಒಂದರಿಂದ ಇನ್ನೊಂದಕ್ಕೆ ಎರಡು ಅಡಿ ದೂರ ಸಾಕು.

ಬೆನ್ನು ಬಾಗಿಸಿ, ಬಾಯಿ ತೆರೆದು, ಎಡಕ್ಕೆ ಬಲಕ್ಕೆ ಹುಚ್ಚು ಹಿಡಿದ ಹಾಗೆ ಕುಪ್ಪಳಿಸಿ ಗೋಡೆಗೆ ಗುದ್ದಿಕೊಂಡರೆ ಅದು ಕೋಪವಲ್ಲ, ಆನಂದ. ಜೊತೆಗೆ ಕೊಕ್ ಕೊಕ್ ಅಂತ ನಗುವಂಥ ಸದ್ದು ಬರುತ್ತದೆ. ಟ್ರಿಕ್ ಮರೆತು ಕುಣಿದರೆ ಬಿಡಿ, ಜನ ಅದಕ್ಕೇ ಜಾಸ್ತಿ ಚಪ್ಪಾಳೆ ಹೊಡೆಯುತ್ತಾರೆ. ಆದರೆ ಬಾಲದ ಕೂದಲು ಬಾಟಲಿ ಬ್ರಷ್ ಹಾಗೆ ನಿಂತು ಬುಸ್ ಅಂದರೆ ಹೆದರಿದೆ ಅಂತ ತಿಳಿಯಿರಿ. ಆಗ ಎತ್ತಿ ಕ್ಯಾರಿಯರಿಗೆ ಹಾಕಿ, ಕಾರ್ಯಕ್ರಮ ನಿಲ್ಲಿಸಿ.

ಚಕ್ಲಿಯ ಪೈಪು

ಮತ್ತೆ ಕನಕಪುರ ರಸ್ತೆಗೆ ಬರೋಣ. ಮನೆಯಲ್ಲಿ ಹತ್ತಕ್ಕೆ ಹತ್ತು, ಆದ್ದರಿಂದ ಟ್ರಿಕ್ ಸರಿ. ಡಾಕ್ಟರು ನೋಡಿದರು, ಸಕ್ಕರೆ ಸರಿ. ಜುಲೈ ತಿಂಗಳು, ಬಿಸಿಲಿರಲಿಲ್ಲ. ಹೊತ್ತು ಮಾತ್ರ ಮಧ್ಯಾಹ್ನ 3, ಅದು ಮೊದಲ ಅನುಮಾನ. ಮನೆಯಲ್ಲೇ ಮೂರು ದಿನ ಮಧ್ಯಾಹ್ನ 3ಕ್ಕೆ ಮಾಡಿಸಿದೆ. ಹತ್ತಕ್ಕೆ ಏಳು. ನಿಧಾನವಾಗಿ ಮಾಡಿದ, ಆದರೆ ಮಲಗಲಿಲ್ಲ. ಅಂದರೆ ಹೊತ್ತು ಪಾಲುದಾರ, ಮುಖ್ಯ ಆರೋಪಿ ಅಲ್ಲ.

ಮಾವಳ್ಳಿಯಲ್ಲಿರುವ ಗೆಳೆಯನ ಮನೆಗೆ ಮ್ಯಾಟ್ ಸಮೇತ ಕರೆದುಕೊಂಡು ಹೋದೆ. ಸಂಜೆ 7 ಗಂಟೆ, ನಾಲ್ಕೇ ಜನ, ಎಲ್ಲ ಅನುಕೂಲ. ಪೈಪಿನೊಳಗೆ ಹೋದ. ಮಲಗಿದ! ಆಗ ನನಗೆ ಸಂತೋಷವೇ ಆಯಿತು. ರಿಪೇರಿಯವರಿಗೆ ಗೊತ್ತು, ಬೇಕೆಂದಾಗ ಕಾಣಿಸಿಕೊಳ್ಳುವ ದೋಷ ಅರ್ಧ ರಿಪೇರಿ ಆದ ಹಾಗೆ.

ಮನೆಯಲ್ಲಿ ಮಲಗದವನು ಹೊರಗೆ ಮಾತ್ರ ಯಾಕೆ ಮಲಗುತ್ತಾನೆ? ಎರಡಕ್ಕೂ ಏನು ವ್ಯತ್ಯಾಸ? ಪೈಪ್ ಅದೇ, ಮ್ಯಾಟ್ ಅದೇ, ನಾನು ಅವನೇ. ಕೊನೆಗೆ ಚೀಲ ಬಿಚ್ಚುವಾಗ ಹೊಳೆಯಿತು. ಹೊರಗೆ ಹೋಗುವಾಗ ಜಾಗ ಉಳಿಸಲು ಅವನ ಮಲಗುವ ಬಟ್ಟೆಯನ್ನು ಸುತ್ತಿ ಪೈಪಿನೊಳಗೆ ತುರುಕುತ್ತಿದ್ದೆ. ನನ್ನದೇ ಜಾಣತನ. ಒಂದು ಗಂಟೆ ಪ್ರಯಾಣದಲ್ಲಿ ಪೈಪಿಗೆಲ್ಲ ಹಾಸಿಗೆಯ ವಾಸನೆ ಹಿಡಿಯುತ್ತಿತ್ತು. ಕತ್ತಲೆ, ಇಕ್ಕಟ್ಟು, ತನ್ನದೇ ವಾಸನೆ. ಹೊಸ ಜಾಗದ ಗದ್ದಲದಲ್ಲಿ ಅವನಿಗೆ ಸಿಕ್ಕ ಮನೆ ಅದೊಂದೇ. ಬಿಲದಲ್ಲಿ ಮಲಗುವ ಪ್ರಾಣಿ ಇನ್ನೇನು ಮಾಡಬೇಕಿತ್ತು?

ಪೈಪನ್ನು ಬಿಸಿನೀರಿನಲ್ಲಿ ತೊಳೆದು ಒಣಗಿಸಿದೆ. ಬಟ್ಟೆಯನ್ನು ಬೇರೆ ಚೀಲಕ್ಕೆ ಹಾಕಿದೆ. ಬೇರೆ ಏನನ್ನೂ ಮುಟ್ಟಲಿಲ್ಲ. ಒಂದು ಸಲಕ್ಕೆ ಒಂದೇ ಬದಲಾವಣೆ, ಇಲ್ಲದಿದ್ದರೆ ಯಾವುದರಿಂದ ಸರಿಹೋಯಿತು ಅಂತ ಗೊತ್ತಾಗುವುದಿಲ್ಲ. ಅದೇ ಗೆಳೆಯನ ಮನೆ, ಅದೇ ಹೊತ್ತು. ಹತ್ತಕ್ಕೆ ಒಂಬತ್ತು. ಆ ಒಂದು ಸಲ ಗೆಳೆಯನ ಮಗ ಚಿಪ್ಸ್ ಪ್ಯಾಕೆಟ್ ಬಿಚ್ಚಿದ, ಅದನ್ನು ನಾನು ಲೆಕ್ಕಕ್ಕೆ ಹಿಡಿಯುವುದಿಲ್ಲ.

ಇದಕ್ಕೆ ಉಲ್ಟಾ ದೋಷವೂ ಇದೆ, ಪೈಪಿನೊಳಗೆ ಹೋಗಲೇ ಒಲ್ಲದಿರುವುದು. ಅದಕ್ಕೆ ಒಂದು ಹಳೇ ಕಥೆ ನೆನಪಿಟ್ಟುಕೊಳ್ಳಿ. 1971ರಲ್ಲಿ ಅಮೆರಿಕದ ಇಲಿನಾಯ್ ರಾಜ್ಯದಲ್ಲಿ, ಈಗ ಫರ್ಮಿಲ್ಯಾಬ್ ಎನ್ನುವ ಭೌತವಿಜ್ಞಾನ ಪ್ರಯೋಗಾಲಯದ ಉದ್ದುದ್ದ ಪೈಪುಗಳನ್ನು ಒಳಗಿನಿಂದ ಶುಚಿ ಮಾಡಬೇಕಿತ್ತು. ಫೆಲಿಶಿಯಾ ಅನ್ನುವ ಫೆರೆಟ್ ತಂದರು. ಅದಕ್ಕೆ ದಾರ ಕಟ್ಟುವುದು, ಅದು ಆಚೆ ಬದಿಗೆ ಓಡುವುದು, ಆಮೇಲೆ ಆ ದಾರದಿಂದ ಒರೆಸುವ ಬಟ್ಟೆ ಎಳೆಯುವುದು. ನಾಲ್ಕು ಮೈಲಿ ಸುತ್ತಿನ ದೊಡ್ಡ ಉಂಗುರದ ಪೈಪಿಗೆ ಬಿಟ್ಟರೆ ಅವಳು ಒಳಗೆ ಹೋಗಲೇ ಇಲ್ಲ. ಚಿಕ್ಕ ಪೈಪಿನಿಂದ ಶುರು ಮಾಡಿ, ಸ್ವಲ್ಪ ಸ್ವಲ್ಪ ಉದ್ದ ಮಾಡುತ್ತಾ ಬಂದ ಮೇಲೆ 300 ಅಡಿಯ ಪೈಪುಗಳಲ್ಲಿ ಓಡಿದಳು. ಅಂಥ ವಿಜ್ಞಾನಿಗಳೇ ಚಿಕ್ಕದರಿಂದ ಶುರು ಮಾಡಬೇಕಾಯಿತು ಅಂದಮೇಲೆ ನಮಗೇನು ಅವಸರ? ನಾಲ್ಕು ಇಂಚಿನ ಪಿವಿಸಿ ಪೈಪ್, ಒಂದು ಅಡಿ ತುಂಡು, ಆಚೆ ಬದಿಯ ಬೆಳಕು ಕಾಣುವ ಹಾಗೆ. ವಾರಕ್ಕೊಂದು ಅಡಿ ಬೆಳೆಸಿ. ಅಂಚನ್ನು ಉಪ್ಪುಕಾಗದದಿಂದ ಉಜ್ಜಿ. ರಬ್ಬರ್ ವಾಷರ್ ಇದ್ದರೆ ಕಿತ್ತುಹಾಕಿ. ರಬ್ಬರ್ ಕಂಡರೆ ಫೆರೆಟ್ ಕಚ್ಚಿ ನುಂಗುತ್ತದೆ, ಕರುಳಿಗೆ ಸಿಕ್ಕಿಕೊಂಡರೆ ಆಪರೇಷನ್ನೇ ಗತಿ.

ಉಳಿದ ಸಣ್ಣಪುಟ್ಟವು

ನಿಮಗೆ ನೆಗಡಿ, ಜ್ವರ ಇದ್ದರೆ ಶೋ ರದ್ದು ಮಾಡಿ. ಮನುಷ್ಯರ ಫ್ಲೂ ಫೆರೆಟ್‌ಗೆ ಅಂಟುತ್ತದೆ, ಅದರಿಂದ ನಮಗೂ ಅಂಟುತ್ತದೆ. ನಾಯಿಗಳಿಗೆ ಬರುವ ಡಿಸ್ಟೆಂಪರ್ ಎನ್ನುವ ವೈರಸ್ ಕಾಯಿಲೆ ಇನ್ನೂ ಕೆಟ್ಟದ್ದು, ಬಂದ ಫೆರೆಟ್ ಉಳಿಯುವುದು ಇಲ್ಲವೆನ್ನುವಷ್ಟು ಕಡಿಮೆ. ನಮ್ಮ ಬೀದಿಗಳಲ್ಲಿ ನಾಯಿ ಎಷ್ಟಿವೆ ಅಂತ ಹೇಳಬೇಕಾಗಿಲ್ಲ. ಲಸಿಕೆ ಬಗ್ಗೆ ಡಾಕ್ಟರನ್ನು ಕೇಳಿ, ಚಪ್ಪಲಿ ಬಾಗಿಲ ಹೊರಗೇ ಬಿಡಿ.

ಕಚ್ಚುವುದು: ಮರಿಯಾಗಿದ್ದರೆ ಆಟ, ದೊಡ್ಡದಾಗಿದ್ದರೆ ನೋವು ಅಥವಾ ಹೆದರಿಕೆ. ಹೊಡೆದರೆ ಎರಡೂ ಜಾಸ್ತಿಯಾಗುತ್ತದೆ. ಶೋ ಮುಗಿದ ಮೇಲೆ ಮಕ್ಕಳ ಕೈಯಿಂದ ಕೈಗೆ ದಾಟಿಸಬೇಡಿ.

ಕಾನೂನಿನ ಕನೆಕ್ಷನ್ನೂ ಒಮ್ಮೆ ಚೆಕ್ ಮಾಡಿಕೊಳ್ಳಿ. 1960ರ ಪ್ರಾಣಿಹಿಂಸೆ ತಡೆ ಕಾಯ್ದೆಯ ಪ್ರಕಾರ, ಟಿಕೆಟ್ ಇಟ್ಟು ಜನರನ್ನು ಬಿಡುವ ಪ್ರದರ್ಶನದಲ್ಲಿ ಪ್ರಾಣಿಯನ್ನು ಆಡಿಸುವುದಕ್ಕೂ, ಅದಕ್ಕಾಗಿ ತರಬೇತಿ ಕೊಡುವುದಕ್ಕೂ ನೋಂದಣಿ ಬೇಕು. ನಾನು ಟಿಕೆಟ್ ಶೋ ಮಾಡುವುದಿಲ್ಲ, ಪರಿಚಯದವರ ಮನೆ ಸಮಾರಂಭ ಅಷ್ಟೆ. ಟಿಕೆಟ್ ಇಲ್ಲದ ಕಡೆಯೂ ಪ್ರಾಣಿಗೆ ಹಿಂಸೆ ಮಾಡಿದರೆ ಅದೇ ಕಾಯ್ದೆ ಹಿಡಿಯುತ್ತದೆ. "ಏನ್ರೀ, ಮುಂಗುಸಿ ಸಾಕಿದ್ದೀರಾ?" ಅಂತ ಪ್ರತಿ ಶೋನಲ್ಲಿ ಒಬ್ಬರಾದರೂ ಕೇಳುತ್ತಾರೆ. ಮುಂಗುಸಿ ಕಾಡುಪ್ರಾಣಿ, ಸಾಕುವುದು ಅಪರಾಧ. ಫೆರೆಟ್ ಬೇರೆಯೇ ಕುಲ. ಯುರೋಪಿನ ಪೋಲ್‌ಕ್ಯಾಟ್‌ನಿಂದ ಜನ ಸುಮಾರು ಎರಡು ಸಾವಿರ ವರ್ಷದ ಹಿಂದೆಯೇ ಪಳಗಿಸಿದ್ದು, ನಮ್ಮ ಕಾವೇರಿಯ ನೀರುನಾಯಿಗೆ ದೂರದ ನೆಂಟ. ವಾಚ್‌ಮನ್‌ಗೆ ಇದನ್ನು ಗೇಟಿನಲ್ಲೇ ಹೇಳಿಬಿಟ್ಟರೆ ಅರ್ಧ ಗಂಟೆ ಉಳಿಯುತ್ತದೆ.

ಸದ್ಯ ನನ್ನ ನೋಟ್‌ಬುಕ್ಕಿನಲ್ಲಿ ಒಂದು ದೋಷ ಬಾಕಿ ಇದೆ. ಐದು ಕಡ್ಡಿಗಳ ನಡುವೆ ಹಾವಿನ ಹಾಗೆ ಸುತ್ತಿ ಬರುವ ಟ್ರಿಕ್ಕಿನಲ್ಲಿ ಬೆಣ್ಣೆ ಮೂರನೇ ಕಡ್ಡಿಯ ಹತ್ತಿರ ಪ್ರತಿ ಸಲ ಎಡಕ್ಕೇ ಹೋಗುತ್ತಾಳೆ. ಕಡ್ಡಿ ಬದಲಾಯಿಸಿದೆ, ಮ್ಯಾಟ್ ತಿರುಗಿಸಿದೆ, ಟಾರ್ಚ್ ಹಿಡಿಯುವ ಕೈ ಬದಲಾಯಿಸಿದೆ. ಆಗಲಿಲ್ಲ. ಎಡಗಡೆ ಬಾಲ್ಕನಿ, ಬಾಲ್ಕನಿಯಲ್ಲಿ ಆ ಫ್ರಿಜ್. ನಾಳೆ ಸಂಜೆ ಬಾಲ್ಕನಿ ಬಾಗಿಲು ಮುಚ್ಚಿ ನೋಡಬೇಕು.